ಮೊಲ ಬರೆದು ಬೆಟ್ಟ ಕೊಂಡವರ ಕಥೆ

ನಾನು ಹಾಸನದ ಒಂದು ಸಣ್ಣ ಆಫ್‌ಸೆಟ್ ಪ್ರೆಸ್‌ನಲ್ಲಿ ಡಿಟಿಪಿ ಕೆಲಸ ಮಾಡುವವನು. ಇಪ್ಪತ್ತು ವರ್ಷ ದಾಟಿತು. ಲಗ್ನಪತ್ರಿಕೆ, ಬಿಲ್ ಬುಕ್, ಗೃಹಪ್ರವೇಶದ ಕಾರ್ಡು, ಎಲೆಕ್ಷನ್ ಬಂದರೆ ಕರಪತ್ರ, ವರ್ಷಕ್ಕೆ ನಾಲ್ಕೈದು ಕವನ ಸಂಕಲನ. ಇಷ್ಟೇ ನಮ್ಮ ಸಾಹಿತ್ಯ ಸೇವೆ. ಕಳೆದ ತಿಂಗಳು ಪಕ್ಕದ ಮನೆ ಹುಡುಗಿ, ಸೆಕೆಂಡ್ ಪಿಯುಸಿ ಓದುತ್ತಿರುವವಳು, ಸಂಜೆ ಗೇಟಿನ ಹತ್ತಿರ ನಿಲ್ಲಿಸಿ ಕೇಳಿದಳು. "ಅಂಕಲ್, ಮಕ್ಕಳ ಪುಸ್ತಕ ಬರೆದು, ಚಿತ್ರಾನೂ ನಾವೇ ಬಿಡಿಸಿ, ಅದರಲ್ಲೇ ಬದುಕೋಕೆ ಆಗುತ್ತಾ?" ಅವರಪ್ಪ ಒಳಗಿಂದಲೇ ಉತ್ತರ ಕೊಟ್ಟರು, "ಮೊದಲು ಸಿಇಟಿ ಬರಿ."

ಆಗುತ್ತೆ ಅಂತಲೋ ಆಗಲ್ಲ ಅಂತಲೋ ಒಂದು ಮಾತು ಹೇಳಿ ಕಳಿಸಬಹುದಿತ್ತು. ಎರಡೂ ಸುಳ್ಳಾಗುತ್ತಿತ್ತು. ಅದಕ್ಕೆ ಅವಳಿಗೆ ಒಬ್ಬರ ಬದುಕನ್ನು ಪೂರ್ತಿಯಾಗಿ ಹೇಳಿದೆ, ದುಡ್ಡಿನ ಲೆಕ್ಕದ ಸಮೇತ. ಅದನ್ನೇ ಇಲ್ಲಿ ಬರೆಯುತ್ತಿದ್ದೇನೆ. ಆಕೆಯ ಹೆಸರು ಬಿಯಾಟ್ರಿಕ್ಸ್ ಪಾಟರ್. ನೀಲಿ ಕೋಟು ಹಾಕಿಕೊಂಡ ಮೊಲದ ಚಿತ್ರ ನೋಡಿರುತ್ತೀರಿ, ಟಿಫನ್ ಬಾಕ್ಸ್ ಮೇಲೋ, ಮಗುವಿನ ಟವಲ್ ಮೇಲೋ. ಅದು ಪೀಟರ್ ರ್ಯಾಬಿಟ್. ಅದನ್ನು ಬರೆದವರೂ ಚಿತ್ರಿಸಿದವರೂ ಇವರೇ. ಜನ ಈಕೆಯ ಬಗ್ಗೆ ಹೇಳುವಾಗ ಚಂದದ ಮೊಲ, ಒಂಟಿ ಹೆಣ್ಣು, ಹಳ್ಳಿ ಮನೆ ಅಂತ ಮುದ್ದಾಗಿ ಹೇಳಿ ಮುಗಿಸುತ್ತಾರೆ. ನನಗೆ ಕಾಣುವುದೇ ಬೇರೆ. ಪುಸ್ತಕದ ಅಳತೆ ಎಷ್ಟಿರಬೇಕು, ಬೆಲೆ ಎಷ್ಟಿರಬೇಕು, ಹಕ್ಕು ಯಾರ ಹತ್ತಿರ ಇರಬೇಕು, ಈ ಮೂರರಲ್ಲೂ ಹಟ ಹಿಡಿದ ಹೆಂಗಸು ಈಕೆ. ಚಿತ್ರ ಚೆನ್ನಾಗಿ ಬಿಡಿಸುವವರು ಆ ಕಾಲದಲ್ಲಿ ಬೇಕಾದಷ್ಟು ಜನ ಇದ್ದರು. ಈ ಹಟ ಇದ್ದವರು ಕಮ್ಮಿ.

ಹುಟ್ಟಿದ್ದು ಲಂಡನ್ನಿನಲ್ಲಿ, 1866ರ ಜುಲೈ 28ರಂದು. ದುಡ್ಡಿದ್ದ ಮನೆ. ತಾತ ಬಟ್ಟೆಯ ಮೇಲೆ ಪ್ರಿಂಟ್ ಹಾಕುವ ದೊಡ್ಡ ಕಾರ್ಖಾನೆ ನಡೆಸಿದವರು, ಅಂದರೆ ಒಂದು ಲೆಕ್ಕದಲ್ಲಿ ನಮ್ಮ ಕಸುಬಿನವರೇ. ಅಪ್ಪ ವಕೀಲಿಕೆ ಓದಿದವರು, ಫೋಟೋ ತೆಗೆಯುವ ಹುಚ್ಚು ಜಾಸ್ತಿ. ಹುಡುಗಿಯನ್ನು ಶಾಲೆಗೆ ಕಳಿಸಲಿಲ್ಲ. ಮನೆಗೇ ಪಾಠ ಹೇಳುವ ಟೀಚರಮ್ಮ ಬರುತ್ತಿದ್ದರು. ಜೊತೆಗೆ ಆಡಲು ಇದ್ದದ್ದು ಆರು ವರ್ಷ ಚಿಕ್ಕವನಾದ ತಮ್ಮ, ಆಮೇಲೆ ಪ್ರಾಣಿಗಳು. ಮೊಲ, ಇಲಿ, ಕಪ್ಪೆ, ಹಲ್ಲಿ, ಬಾವಲಿ, ಮುಳ್ಳುಹಂದಿಯಂಥ ಒಂದು ಸಣ್ಣ ಪ್ರಾಣಿ, ಎಲ್ಲ ಪಾಠದ ಕೋಣೆಯಲ್ಲೇ. ಸಾಕಿದ್ದು ಸತ್ತರೆ ಅಕ್ಕ ತಮ್ಮ ಅದನ್ನು ಬೇಯಿಸಿ ಮೂಳೆ ಬಿಡಿಸಿ ಜೋಡಿಸಿಟ್ಟುಕೊಂಡು ಚಿತ್ರ ಬಿಡಿಸುತ್ತಿದ್ದರಂತೆ. ಕೇಳೋಕೆ ಒಂಥರಾ ಆಗುತ್ತೆ, ಅಲ್ವಾ? ಆದರೆ ಈ ಮೂಳೆಯ ಪಾಠ ಕೊನೆವರೆಗೂ ಕೆಲಸಕ್ಕೆ ಬಂತು.

ಹೇಗೆ ಅಂದರೆ, ಮೊಲಕ್ಕೆ ಕೋಟು ತೊಡಿಸಿ ಚಿತ್ರ ಬಿಡಿಸುವುದು ಸುಲಭ ಅಂದುಕೊಳ್ಳುತ್ತೇವೆ. ಹೆಚ್ಚಿನವರು ಮನುಷ್ಯನ ಮೈ ಬರೆದು ಮೇಲೆ ಮೊಲದ ತಲೆ ಕೂರಿಸುತ್ತಾರೆ. ನಮ್ಮ ಊರಿನ ಅಂಗನವಾಡಿ ಗೋಡೆಗಳ ಮೇಲೆ ಅಂಥ ಮೊಲಗಳೇ ಜಾಸ್ತಿ. ಪಾಟರ್ ಬರೆದ ಮೊಲಕ್ಕೆ ಕೋಟಿನ ಒಳಗೂ ಮೊಲದ ಭುಜವೇ ಇದೆ. ಕಥೆಯಲ್ಲಿ ಪೀಟರ್ ತೋಟದ ಯಜಮಾನನಿಂದ ತಪ್ಪಿಸಿಕೊಂಡು ಓಡುವಾಗ ಶೂ ಎರಡೂ ಕಳೆದುಹೋಗುತ್ತವೆ. ಆಮೇಲೆ ಅದು ನಾಲ್ಕು ಕಾಲಿನಲ್ಲಿ ಇನ್ನೂ ಜೋರಾಗಿ ಓಡಿತು ಅಂತ ಪಾಟರ್ ಬರೆಯುತ್ತಾರೆ. ಕೋಟಿನ ಹಿತ್ತಾಳೆ ಗುಂಡಿ ಬಲೆಗೆ ಸಿಕ್ಕಿಕೊಂಡು ಕೋಟೂ ಹೋಗುತ್ತದೆ. ಹಾಗೆ ಒಂದೊಂದೇ ಬಟ್ಟೆ ಕಳಚುತ್ತಾ ಹೋದ ಹಾಗೆ ಅದು ತುಂಟ ಹುಡುಗನಾಗಿದ್ದದ್ದು ಹೋಗಿ ಬರೀ ಮೊಲವಾಗುತ್ತದೆ, ಜೀವಭಯದಲ್ಲಿರುವ ಮೊಲ. ಈ ಬದಲಾವಣೆ ಅರ್ಧ ಮಾತಿನಲ್ಲಿದೆ, ಅರ್ಧ ಚಿತ್ರದಲ್ಲಿದೆ. ಬರೆದವರೂ ಬಿಡಿಸಿದವರೂ ಒಬ್ಬರೇ ಆದರೆ ಏನು ಲಾಭ ಅಂತ ಕೇಳಿದರೆ ನಾನು ಈ ಎರಡು ಪುಟ ತೋರಿಸುತ್ತೇನೆ.

ಹದಿಹರೆಯದಲ್ಲಿ ಒಂದು ಡೈರಿ ಬರೆಯಲು ಶುರು ಮಾಡಿದರು. ಬರೆದದ್ದು ತಾವೇ ಕಟ್ಟಿಕೊಂಡ ಗುಪ್ತಲಿಪಿಯಲ್ಲಿ. ಸುಮಾರು 30 ವರ್ಷ ವಯಸ್ಸಿನವರೆಗೂ ಬರೆದರು. ಅದನ್ನು ಓದಲು ಯಾರಿಗೂ ಆಗಿರಲಿಲ್ಲ. ಅವರು ತೀರಿಕೊಂಡು ಹದಿನೈದು ವರ್ಷ ಆದಮೇಲೆ, 1958ರಲ್ಲಿ, ಲೆಸ್ಲಿ ಲಿಂಡರ್ ಅನ್ನುವವರು ವರ್ಷಗಟ್ಟಲೆ ತಲೆ ಕೆಡಿಸಿಕೊಂಡು ಕೊನೆಗೆ ಬಿಡಿಸಿದರು. ಸುಳಿವು ಸಿಕ್ಕಿದ್ದು 1793 ಅನ್ನುವ ಒಂದು ಇಸವಿಯಿಂದ, ಫ್ರಾನ್ಸಿನ ಹದಿನಾರನೇ ಲೂಯಿಯ ತಲೆ ಕಡಿದ ವರ್ಷ ಅದು.

ಆಮೇಲೆ ಅಣಬೆ. ಇದನ್ನು ಹಾಸನದವರಿಗೆ, ಚಿಕ್ಕಮಗಳೂರಿನವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಗುಡುಗು ಬಂದ ಮಾರನೇ ದಿನ ಹುತ್ತದ ಪಕ್ಕ ಅಣಬೆ ಹುಡುಕಿಕೊಂಡು ಹೋದವರಿಗೆ ಆ ಖುಷಿ ಗೊತ್ತು. ಪಾಟರ್ ರಜೆಗೆ ಸ್ಕಾಟ್ಲೆಂಡಿಗೆ ಹೋದಾಗ ಅಲ್ಲಿನ ಒಬ್ಬ ಪೋಸ್ಟ್‌ಮ್ಯಾನ್ ಪರಿಚಯವಾದರು. ಹೆಸರು ಚಾರ್ಲ್ಸ್ ಮೆಕಿಂಟಾಷ್. ಟಪಾಲು ಹಂಚುತ್ತಾ ಮೈಲುಗಟ್ಟಲೆ ನಡೆದು ಕಾಡಿನ ಗಿಡ, ಅಣಬೆ ಎಲ್ಲ ಬಲ್ಲವರಾಗಿದ್ದರು. ಅವರು ಅಣಬೆ ಕಳಿಸುವುದು, ಇವರು ಚಿತ್ರ ಬಿಡಿಸಿ ವಾಪಸ್ ಕಳಿಸುವುದು. ಹೀಗೆ ನೂರಾರು ಚಿತ್ರಗಳಾದವು. ಅಷ್ಟಕ್ಕೇ ನಿಲ್ಲದೆ ಬೀಜಕಣ ಹೇಗೆ ಮೊಳೆಯುತ್ತೆ ಅಂತ ಮೈಕ್ರೋಸ್ಕೋಪಿನಲ್ಲಿ ನೋಡಿ ಒಂದು ಪ್ರಬಂಧವನ್ನೂ ಬರೆದರು. 1897ರಲ್ಲಿ ಅದನ್ನು ಲಂಡನ್ನಿನ ಲಿನಿಯನ್ ಸೊಸೈಟಿ ಅನ್ನುವ ಜೀವವಿಜ್ಞಾನಿಗಳ ಸಂಘದಲ್ಲಿ ಮಂಡಿಸಲಾಯಿತು. ಮಂಡಿಸಿದವರು ಬೇರೆಯವರು. ಹೆಂಗಸರಿಗೆ ಆಗ ಆ ಸಭೆಗೆ ಪ್ರವೇಶವೇ ಇರಲಿಲ್ಲ. ಸರಿಯಾಗಿ ನೂರು ವರ್ಷ ಬಿಟ್ಟು, 1997ರಲ್ಲಿ, ಆಕೆಯನ್ನು ನಡೆಸಿಕೊಂಡ ರೀತಿ ಸರಿಯಿರಲಿಲ್ಲ ಅಂತ ಆ ಸಂಸ್ಥೆ ಒಪ್ಪಿಕೊಂಡಿತು. ವಿಜ್ಞಾನದ ಬಾಗಿಲು ಹಾಗೆ ಮುಚ್ಚಿತು. ಮುಚ್ಚದೇ ಇದ್ದಿದ್ದರೆ ಮೊಲದ ಪುಸ್ತಕ ಬರುತ್ತಿತ್ತೋ ಇಲ್ಲವೋ ನಾನು ಹೇಳಲಾರೆ.

ಇನ್ನು ದುಡ್ಡಿನ ವಿಷಯ. ಮೊದಲ ಸಂಪಾದನೆ 1890ರಲ್ಲಿ, 6 ಪೌಂಡ್. ಪುಸ್ತಕಕ್ಕಲ್ಲ, ಗ್ರೀಟಿಂಗ್ ಕಾರ್ಡಿಗೆ. ಮನೆಯಲ್ಲಿದ್ದ ಬೆಂಜಮಿನ್ ಅನ್ನುವ ಮೊಲವನ್ನು ನೋಡಿ ಬಿಡಿಸಿದ ಚಿತ್ರಗಳನ್ನು ಒಂದು ಕಾರ್ಡು ಕಂಪನಿ ಕೊಂಡುಕೊಂಡಿತು. ಆ ಖುಷಿಗೆ ಮೊಲಕ್ಕೆ ಒಂದು ಬಟ್ಟಲು ಹೆಂಪ್ ಬೀಜ, ಅಂದರೆ ಗಾಂಜಾ ಜಾತಿಯ ಗಿಡದ ಬೀಜ, ತಿನ್ನಿಸಿದರಂತೆ, ಮಾರನೇ ಬೆಳಿಗ್ಗೆ ಚಿತ್ರ ಬಿಡಿಸೋಣ ಅಂದರೆ ಮೊಲಕ್ಕೆ ಅಮಲು ಏರಿ ಕೂತಲ್ಲಿ ಕೂರುತ್ತಿರಲಿಲ್ಲ. ಇದನ್ನು ಅವರೇ ಬರೆದುಕೊಂಡಿದ್ದಾರೆ. ಲಗ್ನಪತ್ರಿಕೆ ಪ್ರಿಂಟ್ ಮಾಡುವ ನನಗೆ ಈ ಭಾಗ ಬಹಳ ಇಷ್ಟ. ಮಕ್ಕಳ ಪುಸ್ತಕದ ಅಷ್ಟು ದೊಡ್ಡ ಹೆಸರು ಶುರುವಾದದ್ದು ಕಾರ್ಡಿನ ಕೆಲಸದಿಂದ.

ಪೀಟರ್ ಕಥೆ ಹುಟ್ಟಿದ್ದು ಒಂದು ಕಾಗದದಲ್ಲಿ. ಮನೆಗೆ ಬಂದು ಪಾಠ ಹೇಳಿದ್ದ ಆ್ಯನಿ ಮೂರ್ ಮದುವೆಯಾಗಿ ಮಕ್ಕಳೊಂದಿಗರಾಗಿದ್ದರು. ಅವರ ಮಗ ನೋಯೆಲ್‌ಗೆ ಹುಷಾರಿರಲಿಲ್ಲ. 1893ರ ಸೆಪ್ಟೆಂಬರ್ 4ರಂದು ಪಾಟರ್ ಅವನಿಗೆ ಕಾಗದ ಬರೆದರು. ಏನು ಬರೆಯಬೇಕೋ ಗೊತ್ತಾಗುತ್ತಿಲ್ಲ, ಅದಕ್ಕೆ ನಾಲ್ಕು ಮರಿ ಮೊಲಗಳ ಕಥೆ ಹೇಳುತ್ತೇನೆ ಅಂತ ಶುರು ಮಾಡಿ, ಸಾಲುಗಳ ನಡುವೆ ಚಿತ್ರ ಬಿಡಿಸುತ್ತಾ ಹೋದರು. ಏಳೆಂಟು ವರ್ಷ ಬಿಟ್ಟು ಇದನ್ನು ಪುಸ್ತಕ ಮಾಡಬಹುದಲ್ಲ ಅಂತ ಅನ್ನಿಸಿದಾಗ ಹುಡುಗನ ಹತ್ತಿರ ಆ ಕಾಗದ ಇನ್ನೂ ಇತ್ತು. ಕಡ ಇಸಕೊಂಡು ನಕಲು ಮಾಡಿಕೊಂಡರು.

ಹಲವು ಪ್ರಕಾಶಕರು ಬೇಡ ಅಂದರು. ಕೆಲವರಿಗೆ ಪುಸ್ತಕ ದೊಡ್ಡದಿರಬೇಕಿತ್ತು. ಪಾಟರ್‌ಗೆ ಅಂಗೈಯಷ್ಟು ಅಗಲದ ಪುಸ್ತಕವೇ ಬೇಕು, ಮಗುವಿನ ಕೈಗೆ ಹಿಡಿಯುವ ಹಾಗೆ. ಬೆಲೆ ಒಂದು ಶಿಲ್ಲಿಂಗ್, ಅಷ್ಟೇ. ಆರು ಶಿಲ್ಲಿಂಗಿನ ಒಂದು ದೊಡ್ಡ ಪುಸ್ತಕಕ್ಕಿಂತ ಒಂದೊಂದು ಶಿಲ್ಲಿಂಗಿನ ಎರಡು ಮೂರು ಸಣ್ಣ ಪುಸ್ತಕ ಮಾಡುವುದೇ ವಾಸಿ, ಪುಟ್ಟ ಮೊಲಗಳಿಗೆ ಒಂದೇ ಪುಸ್ತಕಕ್ಕೆ ಆರು ಶಿಲ್ಲಿಂಗ್ ಕೊಡೋಕೆ ಎಲ್ಲಿ ಆಗುತ್ತೆ ಅಂತ ಮೂರ್ ಮನೆಯ ಮಗುವಿಗೆ ಬರೆದ ಇನ್ನೊಂದು ಕಾಗದದಲ್ಲಿ ತಮಾಷೆ ಮಾಡಿದ್ದಾರೆ. ತಮಾಷೆಯೇ, ಆದರೆ ಆ ಬೆಲೆಯಿಂದ ಅಲ್ಲಾಡಲಿಲ್ಲ. ಕೊನೆಗೆ 1901ರ ಡಿಸೆಂಬರಿನಲ್ಲಿ ಕೈಯಿಂದ ದುಡ್ಡು ಹಾಕಿ 250 ಪ್ರತಿ ಹಾಕಿಸಿದರು. ಒಳಗೆ ಕಪ್ಪು-ಬಿಳುಪು ಗೆರೆಚಿತ್ರ, ಪುಸ್ತಕದ ಶುರುವಿನಲ್ಲಿ ಬರುವ ಒಂದು ಚಿತ್ರಕ್ಕೆ ಮಾತ್ರ ಬಣ್ಣ. ನೆಂಟರು, ಸ್ನೇಹಿತರು ಕೊಂಡು ಮುಗಿಸಿದರು. ಇನ್ನೂ ಬೇಕಾಗಿ 1902ರ ಫೆಬ್ರವರಿಯಲ್ಲಿ 200 ಹಾಕಿಸಿದರು. ನಮ್ಮ ಪ್ರೆಸ್‌ಗೆ ಬರುವ ಕವಿಗಳಿಗೆ ನಾನು ಇದನ್ನು ಹೇಳುವುದುಂಟು, ಮೊದಲೇ ಸಾವಿರ ಪ್ರತಿ ಹಾಕಿಸಿ ಮಂಚದ ಕೆಳಗೆ ಇಡಬೇಡಿ ಸಾರ್, ಇನ್ನೂರೈವತ್ತು ಹಾಕಿಸಿ, ಮುಗಿದರೆ ಮತ್ತೆ ಬನ್ನಿ ಅಂತ. ಓನರ್ ಇಲ್ಲದಾಗ ಹೇಳುತ್ತೇನೆ.

ಅಷ್ಟರಲ್ಲಿ ಫ್ರೆಡರಿಕ್ ವಾರ್ನ್ ಅನ್ನುವ ಪ್ರಕಾಶನ ಸಂಸ್ಥೆ ಮುಂದೆ ಬಂತು. ಒಂದೇ ಷರತ್ತು, ಎಲ್ಲ ಚಿತ್ರವೂ ಬಣ್ಣದಲ್ಲಿರಬೇಕು. ಪಾಟರ್‌ಗೆ ಅದು ಮೊದಲು ಇಷ್ಟವಿರಲಿಲ್ಲ. ಮೊಲದ ಕಂದು, ಎಲೆಯ ಹಸಿರು, ಇಷ್ಟು ಬಿಟ್ಟರೆ ಇನ್ನೇನಿದೆ ಬಣ್ಣ ಅಂತ ಅವರ ವಾದ. ಆಮೇಲೆ ಒಪ್ಪಿಕೊಂಡರು, 42 ಚಿತ್ರಗಳನ್ನು 30ರ ಹತ್ತಿರಕ್ಕೆ ಇಳಿಸಲೂ ಒಪ್ಪಿಕೊಂಡರು. ಯಾಕೆ ಇಳಿಸಬೇಕಿತ್ತು? ಇದು ನನ್ನ ವಿಷಯ, ಸ್ವಲ್ಪ ನಿಧಾನವಾಗಿ ಹೇಳುತ್ತೇನೆ.

ಪುಸ್ತಕವನ್ನು ಒಂದೊಂದೇ ಪುಟವಾಗಿ ಯಾರೂ ಪ್ರಿಂಟ್ ಮಾಡುವುದಿಲ್ಲ. ಒಂದು ದೊಡ್ಡ ಹಾಳೆಯ ಎರಡೂ ಕಡೆ ಪುಟಗಳನ್ನು ಜೋಡಿಸಿ ಪ್ರಿಂಟ್ ಹಾಕಿ, ಮೂರು ಸಲ ಮಡಿಸಿದರೆ ಎಂಟು ಎಲೆ, ಅಂದರೆ 16 ಪುಟ. ಇದಕ್ಕೆ ನಾವು ಫಾರಂ ಅನ್ನುತ್ತೇವೆ. ಇವತ್ತಿನ ಮಕ್ಕಳ ಚಿತ್ರಪುಸ್ತಕಗಳು ಹೆಚ್ಚಾಗಿ 32 ಪುಟ ಇರುವುದು ಅದಕ್ಕೇ, ಎರಡು ಫಾರಂ, ನಡುವೆ ಪಿನ್ ಹೊಡೆದರೆ ಮುಗಿಯಿತು. 33ನೇ ಪುಟ ಬೇಕು ಅಂದರೆ ಒಂದು ಪುಟದ ದುಡ್ಡಲ್ಲ, ಇನ್ನೊಂದು ತುಂಡು ಹಾಳೆಯ ದುಡ್ಡು, ಪ್ಲೇಟಿನ, ಅಂದರೆ ಅಚ್ಚು ಹಾಕುವ ತಗಡಿನ ದುಡ್ಡು. ಅಂದರೆ ಕಥೆ ಎಷ್ಟು ಉದ್ದ ಇರಬೇಕು ಅಂತ ತೀರ್ಮಾನ ಮಾಡುವುದರಲ್ಲಿ ಕಟಿಂಗ್ ಮೆಷಿನ್‌ಗೂ ಒಂದು ಪಾಲಿದೆ. ಪಾಟರ್ ಪುಸ್ತಕದಲ್ಲೂ ಹೀಗೇ ಆಯಿತು. ಒಂದು ಪುಟದಲ್ಲಿ ಚಿತ್ರ, ಎದುರು ಪುಟದಲ್ಲಿ ಮಾತು. ಒಂದು ಚಿತ್ರ ಜಾಸ್ತಿಯಾದರೆ ಎರಡು ಪುಟ ಬೆಳೆಯಿತು, ಬೆಲೆ ಒಂದು ಶಿಲ್ಲಿಂಗ್ ದಾಟಿತು. 1903ರ ಮರುಮುದ್ರಣದಲ್ಲಿ ರಟ್ಟಿನ ಒಳಬದಿಗೆ ಚಿತ್ರದ ಹಾಳೆ ಅಂಟಿಸಬೇಕಾಗಿ ಬಂದಾಗ ಒಳಗಿನ ನಾಲ್ಕು ಚಿತ್ರಗಳನ್ನು ಬಿಟ್ಟರು. ಬಿಟ್ಟುಹೋದವುಗಳಲ್ಲಿ ಒಂದು, ಪೀಟರನ ಅಪ್ಪನನ್ನು ಕಡುಬಿನೊಳಗೆ ಹಾಕಿ ಬೇಯಿಸಿ ಬಡಿಸುತ್ತಿರುವ ಚಿತ್ರ.

ಹೌದು, ಕಥೆಯಲ್ಲಿ ಅಪ್ಪ ಮೊಲ ಕಡುಬಾಗಿ ಹೋಗಿರುತ್ತದೆ. ಮಕ್ಕಳಿಗೆ ಇಂಥದ್ದು ಹೇಳಬಹುದಾ ಅಂತ ನಮ್ಮ ಹುಡುಗಿ ಕೇಳಿದಳು. ನಾನಂದೆ, ಪುಣ್ಯಕೋಟಿ ಕಥೆಯ ಕೊನೆಗೆ ಹುಲಿ ಏನಾಗುತ್ತಮ್ಮ? ಅವಳು ಸುಮ್ಮನಾದಳು. ಒಂದನೇ ಕ್ಲಾಸಿನಲ್ಲಿ ಅದನ್ನು ಹಾಡಿಕೊಂಡೇ ಬೆಳೆದವರು ನಾವು.

ಪುಟದ ವಿಷಯದಲ್ಲಿ ನಾನೇ ಮಾಡಿದ ಒಂದು ಎಡವಟ್ಟು ಹೇಳಬೇಕು. ಕೆಲವು ವರ್ಷದ ಹಿಂದೆ ಒಬ್ಬ ಮೇಷ್ಟ್ರು ಮಕ್ಕಳಿಗಾಗಿ ಒಂದು ಕಥೆ ಬರೆದು, ಚಿತ್ರವನ್ನೂ ತಾವೇ ಬಿಡಿಸಿಕೊಂಡು ಬಂದರು. ಕಾಫಿ ತೋಟಕ್ಕೆ ಹುಲಿ ಬಂದಿದೆ ಅಂತ ಊರೆಲ್ಲ ಗಲಾಟೆ. ಬಲಗಡೆ ಪುಟದಲ್ಲಿ ಪೊದೆ, ಪೊದೆಯಿಂದ ಹೊರಗೆ ಒಂದು ಪಟ್ಟೆ ಬಾಲ, "ಯಾರದು?" ಅಂತ ಒಂದೇ ಮಾತು. ಹಾಳೆ ತಿರುಗಿಸಿದರೆ ಎಡಗಡೆ ಒಂದು ಪಟ್ಟೆ ಪಟ್ಟೆ ಬೆಕ್ಕು. ಕಥೆಯ ಜೀವವೇ ಆ ಹಾಳೆ ತಿರುವುವ ಕ್ಷಣ. ಪ್ಲೇಟ್‌ಗೆ ಹೋಗುವ ಹಿಂದಿನ ದಿನ ಮೇಷ್ಟ್ರು ಒಬ್ಬ ದೊಡ್ಡವರ ಶುಭ ಹಾರೈಕೆ ತಂದುಕೊಟ್ಟು, ಮುಂದೆ ಸೇರಿಸಿ ಅಂದರು. ಸೇರಿಸಿದೆ. ಒಂದು ಪುಟ ಸೇರಿದ್ದೇ ತಡ, ಹಿಂದಿನದೆಲ್ಲ ಒಂದೊಂದು ಪುಟ ಜರುಗಿತು. ಪೊದೆ ಎಡಕ್ಕೆ ಬಂತು, ಬೆಕ್ಕು ಎದುರಿನ ಬಲ ಪುಟಕ್ಕೆ ಬಂತು. ಪುಸ್ತಕ ತೆರೆದರೆ ಬಾಲವೂ ಬೆಕ್ಕೂ ಒಟ್ಟಿಗೇ ಕಾಣುತ್ತೆ. "ಯಾರದು?" ಅಂತ ಕೇಳುವ ಅಗತ್ಯವೇ ಇಲ್ಲ. ಐದು ನೂರು ಪ್ರತಿ ಪಿನ್ ಹೊಡೆದು ಕಟಿಂಗ್ ಆದಮೇಲೆ ನೋಡಿದೆ. ಸ್ಪೆಲಿಂಗ್ ತಪ್ಪಿದ್ದರೆ ಚೀಟಿ ಅಂಟಿಸಬಹುದು, ಇದಕ್ಕೆ ಏನು ಅಂಟಿಸೋದು? ಮೇಷ್ಟ್ರು ಬೈಯಲಿಲ್ಲ. ಪುಸ್ತಕ ತಿರುವಿ, ಆ ಪುಟದ ಹತ್ತಿರ ಸ್ವಲ್ಪ ಹೊತ್ತು ನಿಂತು, ಕಟ್ಟು ಕಟ್ಟಿಸಿಕೊಂಡು ಹೋದರು. ಬೈದಿದ್ದರೆ ವಾಸಿಯಿತ್ತು.

ಬರೆಯುವವರೇ ಚಿತ್ರ ಬಿಡಿಸಿದರೆ ಅವರ ತಲೆಯಲ್ಲಿ ಈ ಎಡ-ಬಲದ ಲೆಕ್ಕ ಓಡುತ್ತಲೇ ಇರುತ್ತದೆ. ಅದಕ್ಕೆ ಅವರು ಮೊದಲು ಮಾಡುವುದು ಬಿಳಿ ಹಾಳೆ ಮಡಿಸಿ ಹೊಲಿದ ಒಂದು ಡಮ್ಮಿ ಪುಸ್ತಕ. ಯಾವ ಚಿತ್ರ ಎಲ್ಲಿ, ಯಾವ ಮಾತು ಎಲ್ಲಿ, ಎಲ್ಲ ಪೆನ್ಸಿಲ್ಲಿನಲ್ಲಿ. ಪಾಟರ್ ಕೂಡ ಹಾಗೇ ಕೆಲಸ ಮಾಡಿದವರು, ನೋಟ್‌ಬುಕ್ಕಿನಲ್ಲಿ ಮಾತು ಬರೆದು, ಚಿತ್ರ ಅಂಟಿಸಿ ನೋಡಿಕೊಂಡು.

ಬಣ್ಣಕ್ಕೆ ಬರೋಣ. ಪಾಟರ್‌ಗಿಂತ ಸ್ವಲ್ಪ ಹಿಂದೆ ಬಣ್ಣದ ಪುಸ್ತಕ ಅಂದರೆ ಮರದ ಅಚ್ಚು. ಒಂದೊಂದು ಬಣ್ಣಕ್ಕೆ ಒಂದೊಂದು ಅಚ್ಚನ್ನು ಕೈಯಲ್ಲಿ ಕೊರೆಯಬೇಕು. ಕೊರೆಯುವವನ ಕೈ ಚಿತ್ರದ ಮೇಲೆ ಬಿದ್ದೇ ಬೀಳುತ್ತದೆ. ಪೀಟರ್ ಪುಸ್ತಕ ಬರುವ ಹೊತ್ತಿಗೆ ಮೂರು ಬಣ್ಣದ ಹೊಸ ವಿಧಾನ ಬಂದಿತ್ತು. ಜಲವರ್ಣದ ಚಿತ್ರವನ್ನು ಬೇರೆ ಬೇರೆ ಬಣ್ಣದ ಗಾಜಿನ ಮೂಲಕ ಮೂರು ಸಲ ಫೋಟೋ ತೆಗೆಯುವುದು, ಅದರಿಂದ ಹಳದಿ, ಕೆಂಪು, ನೀಲಿಗೆ ಮೂರು ಪ್ಲೇಟ್ ಮಾಡುವುದು, ಸಣ್ಣ ಸಣ್ಣ ಚುಕ್ಕೆಗಳಾಗಿ ಒಂದರ ಮೇಲೊಂದು ಪ್ರಿಂಟ್ ಹಾಕುವುದು. ನಾವೀಗ ಇದೇ ಕೆಲಸವನ್ನು ಕಪ್ಪನ್ನೂ ಸೇರಿಸಿ ನಾಲ್ಕು ಬಣ್ಣದಲ್ಲಿ ಮಾಡುತ್ತೇವೆ. ನಿಮ್ಮ ಮನೆಯ ಕ್ಯಾಲೆಂಡರಿನ ದೇವರ ಮುಖವನ್ನು ಭೂತಗನ್ನಡಿಯಲ್ಲಿ ನೋಡಿ, ಚುಕ್ಕೆಗಳು ಕಾಣುತ್ತವೆ. ಒಂದು ಪ್ಲೇಟ್ ಕೂದಲಷ್ಟು ಜರುಗಿದರೂ ದೇವರಿಗೆ ಎರಡು ಮೂಗು. ಈ ವಿಧಾನ ಬಂದದ್ದರಿಂದ ಪಾಟರ್ ಕುಂಚದ ತೆಳು ಬಣ್ಣ ಹೆಚ್ಚುಕಮ್ಮಿ ಹಾಗೇ ಮಗುವಿನ ಕೈಗೆ ಸಿಕ್ಕಿತು, ಅದೂ ಒಂದು ಶಿಲ್ಲಿಂಗಿಗೆ. ಹತ್ತಿಪ್ಪತ್ತು ವರ್ಷ ಮೊದಲು ಹುಟ್ಟಿದ್ದರೆ ಇದು ಆಗುತ್ತಿರಲಿಲ್ಲ.

1902ರ ಅಕ್ಟೋಬರಿನಲ್ಲಿ ಪುಸ್ತಕ ಬಂತು. ಮೊದಲ 8,000 ಪ್ರತಿ ಬಿಡುಗಡೆಗೆ ಮೊದಲೇ ಬುಕ್ಕಾಗಿದ್ದವು. ವರ್ಷ ಕಳೆಯುವಷ್ಟರಲ್ಲಿ 50,000 ದಾಟಿತು.

ಈಗ ಹುಡುಗಿಯ ನಿಜವಾದ ಪ್ರಶ್ನೆ, ಅವಳಪ್ಪನ ಪ್ರಶ್ನೆಯೂ ಹೌದು. ದುಡ್ಡು ಹೇಗೆ ಬರುತ್ತೆ? ಎರಡು ದಾರಿ. ಒಂದು, ಚಿತ್ರಕ್ಕೆ ಇಷ್ಟು, ಕಥೆಗೆ ಇಷ್ಟು ಅಂತ ಒಂದೇ ಸಲ ಕೊಟ್ಟು ಕೈತೊಳೆದುಕೊಳ್ಳುವುದು. ಇನ್ನೊಂದು, ಮಾರಿದ ಪ್ರತಿ ಪುಸ್ತಕಕ್ಕೂ ಇಷ್ಟು ಪಾಲು ಅನ್ನುವ ರಾಯಲ್ಟಿ. ಮೊದಲನೆಯದರಲ್ಲಿ ದುಡ್ಡು ಬೇಗ ಕಾಣುತ್ತೆ, ಪುಸ್ತಕ ಐವತ್ತು ಸಾವಿರ ಹೋದರೂ ಆಮೇಲೆ ಏನೂ ಇಲ್ಲ. ಎರಡನೆಯದರಲ್ಲಿ ಕಾಯಬೇಕು, ಪುಸ್ತಕ ಓಡದಿದ್ದರೆ ಖಾಲಿ ಕೈ. ಬರೆದವರೂ ಬಿಡಿಸಿದವರೂ ಒಬ್ಬರೇ ಆದರೆ ರಾಯಲ್ಟಿಯನ್ನು ಇಬ್ಬರಿಗೆ ಹಂಚುವ ಪ್ರಶ್ನೆ ಇಲ್ಲ, ಇದು ಸಣ್ಣ ಲಾಭವೇನಲ್ಲ. ಪಾಟರ್ ರಾಯಲ್ಟಿ ದಾರಿ ಹಿಡಿದರು. ಆದರೂ ಒಂದು ಕಡೆ ಕೈ ಸುಟ್ಟಿತು. ಅಮೆರಿಕದಲ್ಲಿ ಕಾಪಿರೈಟ್ ನೋಂದಣಿ ಮಾಡಿಸುವುದನ್ನು ಪ್ರಕಾಶಕರು ಬಿಟ್ಟರು. ಆಗ ಅಲ್ಲಿ ನೋಂದಣಿ ಇಲ್ಲದಿದ್ದರೆ ಹಕ್ಕೂ ಇಲ್ಲ. 1904ಕ್ಕೆಲ್ಲ ಅಲ್ಲಿ ಯಾರ್ಯಾರೋ ಪೀಟರನನ್ನು ಪ್ರಿಂಟ್ ಹಾಕಿ ಮಾರಲು ಶುರು ಮಾಡಿದರು, ಪಾಟರ್‌ಗೆ ಒಂದು ಬಿಡಿಗಾಸೂ ಬರಲಿಲ್ಲ.

ಅಷ್ಟರಲ್ಲಿ ಅವರು ಇನ್ನೊಂದು ಬಾಗಿಲು ತೆರೆದಿದ್ದರು. 1903ರಲ್ಲಿ ಬಟ್ಟೆಯಲ್ಲಿ ಪೀಟರ್ ಬೊಂಬೆ ಮಾಡಿ, ಪೇಟೆಂಟ್ ಆಫೀಸಿನಲ್ಲಿ ನೋಂದಾಯಿಸಿದರು. ಮಾರನೇ ವರ್ಷ ಮಣೆ ಮೇಲೆ ಆಡುವ ಒಂದು ಆಟ ಕಟ್ಟಿದರು. ಗೋಡೆಗೆ ಅಂಟಿಸುವ ಚಿತ್ರದ ಕಾಗದ, ಹೀಗೇ ಒಂದೊಂದು. ಇವತ್ತು ಕಾರ್ಟೂನ್ ಬರುವ ಮೊದಲೇ ಅದರ ಸ್ಕೂಲ್ ಬ್ಯಾಗ್ ಅಂಗಡಿಗೆ ಬಂದಿರುತ್ತೆ. ಆ ದಾರಿ ಮೊದಲು ತುಳಿದವರಲ್ಲಿ ಈ ಹೆಂಗಸೂ ಒಬ್ಬರು.

ನಮ್ಮಲ್ಲಿ ಹೇಗೆ? ಭಾರತದಲ್ಲಿ 1957ರ ಕಾಪಿರೈಟ್ ಕಾಯ್ದೆ ಇದೆ. ಬರೆದ ಕೂಡಲೇ, ಬಿಡಿಸಿದ ಕೂಡಲೇ ಹಕ್ಕು ನಿಮ್ಮದು, ನೋಂದಣಿ ಕಡ್ಡಾಯವಲ್ಲ. ಹಕ್ಕು ಬರೆದುಕೊಡುವುದಾದರೆ ಬರಹದಲ್ಲೇ ಇರಬೇಕು, ಬಾಯಿಮಾತು ನಡೆಯಲ್ಲ. ಎಷ್ಟು ವರ್ಷಕ್ಕೆ ಅಂತ ಬರೆಯದಿದ್ದರೆ ಐದು ವರ್ಷ ಅಂತ ಅರ್ಥ. ಎಲ್ಲಿಗೆ ಅಂತ ಬರೆಯದಿದ್ದರೆ ಭಾರತಕ್ಕೆ ಮಾತ್ರ. ಈ ನಾಲ್ಕು ಸಾಲು ಗೊತ್ತಿಲ್ಲದೆ ಎಷ್ಟೋ ಜನ ಒಂದು ಹಾರ, ಶಾಲು, ಐವತ್ತು ಪ್ರತಿ ತಗೊಂಡು ಎಲ್ಲ ಹಕ್ಕು ಬರೆದುಕೊಟ್ಟು ಬರುವುದನ್ನು ನೋಡಿದ್ದೇನೆ. ಹಕ್ಕು ಇರುವುದು ಬರೆದವರ ಆಯುಸ್ಸು, ಅದಾದ ಮೇಲೆ 60 ವರ್ಷ. ಪಾಟರ್ ತೀರಿಕೊಂಡದ್ದು 1943ರಲ್ಲಿ, ಅಂದರೆ ಅವರು ಬದುಕಿದ್ದಾಗಲೇ ಪ್ರಕಟವಾದ ಪುಸ್ತಕಗಳ ಹಕ್ಕು ನಮ್ಮ ದೇಶದಲ್ಲಿ 2003ಕ್ಕೇ ಮುಗಿದಿದೆ. ಆ ಕಥೆಗಳನ್ನು ಕನ್ನಡಕ್ಕೆ ತರಲು ಯಾರ ಅಪ್ಪಣೆಯೂ ಬೇಡ. ಬೊಂಬೆ, ಬ್ಯಾಗು ಮಾಡಿ ಮಾರುವುದು ಬೇರೆ ವಿಷಯ, ಅಲ್ಲಿ ಟ್ರೇಡ್‌ಮಾರ್ಕ್ ಅಡ್ಡ ಬರುತ್ತದೆ.

ಪಾಟರ್ ಬದುಕಿನ ಕಷ್ಟದ ವರ್ಷ 1905. ವಾರ್ನ್ ಸಂಸ್ಥೆಯಲ್ಲಿ ಅವರ ಪುಸ್ತಕ ನೋಡಿಕೊಳ್ಳುತ್ತಿದ್ದ ನಾರ್ಮನ್ ವಾರ್ನ್ ಜುಲೈನಲ್ಲಿ ಮದುವೆಯ ಮಾತೆತ್ತಿದರು. ಪಾಟರ್ ಒಪ್ಪಿದರು, ಮನೆಯವರು ಒಪ್ಪಲಿಲ್ಲ. ವ್ಯಾಪಾರದವನು, ನಮ್ಮ ಅಂತಸ್ತಿಗೆ ಸರಿಯಲ್ಲ ಅಂತ. ತಾತ ಬಟ್ಟೆ ಪ್ರಿಂಟ್ ಹಾಕಿ ದುಡ್ಡು ಮಾಡಿದ್ದು ಮರೆತೇಹೋಗಿತ್ತು. ಒಂದೇ ತಿಂಗಳು, ಆಗಸ್ಟ್ 25ಕ್ಕೆ ನಾರ್ಮನ್ ಕಾಯಿಲೆಯಿಂದ ತೀರಿಕೊಂಡರು. ಪಾಟರ್‌ಗೆ ಆಗ 39. ಅದೇ ವರ್ಷ, ಪುಸ್ತಕದ ದುಡ್ಡಿಗೆ ಚಿಕ್ಕಮ್ಮನಿಂದ ಬಂದ ಒಂದಿಷ್ಟನ್ನು ಸೇರಿಸಿ, ಇಂಗ್ಲೆಂಡಿನ ಉತ್ತರಕ್ಕೆ ಲೇಕ್ ಡಿಸ್ಟ್ರಿಕ್ಟ್‌ನಲ್ಲಿ ಹಿಲ್ ಟಾಪ್ ಅನ್ನುವ ಒಂದು ಫಾರ್ಮ್ ಕೊಂಡರು.

ಆ ಸೀಮೆ ಹೇಗಿದೆ ಅಂದರೆ ನಮ್ಮ ಸಕಲೇಶಪುರ, ಮೂಡಿಗೆರೆ ಕಡೆಯ ಮಳೆಗಾಲ ನೆನಪಿಸಿಕೊಳ್ಳಿ. ಬೆಟ್ಟ, ಮಂಜು, ಜಡಿಮಳೆ. ಕಾಫಿ ಬದಲು ಕುರಿ. ಮುಂದಿನ ಎಷ್ಟೋ ಪುಸ್ತಕಗಳಲ್ಲಿ ಆ ಮನೆಯ ಮೆಟ್ಟಿಲು, ಬೀರು, ತೋಟದ ಗೇಟು ಇದ್ದದ್ದು ಇದ್ದ ಹಾಗೇ ಬಂದಿವೆ. 1909ರಲ್ಲಿ ಪಕ್ಕದ ಜಮೀನು ಕೊಂಡರು. ಕೊಡುಕೊಳ್ಳುವಿಕೆಯ ಕಾಗದಪತ್ರ ನೋಡಿಕೊಂಡ ವಕೀಲ ವಿಲಿಯಂ ಹೀಲಿಸ್ ಅವರನ್ನೇ 1913ರಲ್ಲಿ ಮದುವೆಯಾದರು, 47ನೇ ವಯಸ್ಸಿನಲ್ಲಿ. ಅಲ್ಲಿಂದ ಪುಸ್ತಕ ಕಮ್ಮಿಯಾಗುತ್ತಾ ಬಂತು. ಕಣ್ಣು ಮಂಜಾಗುತ್ತಿತ್ತು, ಜೊತೆಗೆ ಮನಸ್ಸು ಕುರಿಗಳ ಕಡೆ ಹೋಗಿತ್ತು. ಒಟ್ಟು 23 ಸಣ್ಣ ಕಥೆಪುಸ್ತಕಗಳು, ಹೆಚ್ಚಿನವು ಬಂದದ್ದು ಆ ಮೊದಲ ಹತ್ತು ಹನ್ನೊಂದು ವರ್ಷಗಳಲ್ಲಿ. 1917ರಲ್ಲಿ ವಾರ್ನ್ ಸಂಸ್ಥೆಯ ಯಜಮಾನಿಕೆ ಹಿಡಿದಿದ್ದ ಹೆರಾಲ್ಡ್ ವಾರ್ನ್ ಖೋಟಾ ದಾಖಲೆ ಕೇಸಿನಲ್ಲಿ ಜೈಲಿಗೆ ಹೋದರು, ಸಂಸ್ಥೆ ಮುಳುಗುವ ಹಂತಕ್ಕೆ ಬಂತು. ಪಾಟರ್‌ಗೆ ಬರಬೇಕಿದ್ದ ರಾಯಲ್ಟಿಯೂ ಬಾಕಿ ನಿಂತಿತ್ತು. ಆಗ ಅವರು ಹಳೇ ಚಿತ್ರಗಳನ್ನು ಹುಡುಕಿ ತೆಗೆದು ಹೊಸ ಪುಸ್ತಕ ಮಾಡಿಕೊಟ್ಟು ಸಂಸ್ಥೆಯನ್ನು ಎತ್ತಿ ನಿಲ್ಲಿಸಲು ಕೈಜೋಡಿಸಿದರು. ಸಾಲಗಾರ ಮುಳುಗಿದರೆ ಸಾಲವೂ ಮುಳುಗುತ್ತೆ, ಇದು ಪ್ರತಿ ಅಡಿಕೆ ಮಂಡಿಯಲ್ಲೂ ಗೊತ್ತಿರುವ ವಿಷಯ.

ಆ ಬೆಟ್ಟಗಳಲ್ಲಿ ಹರ್ಡ್‌ವಿಕ್ ಅನ್ನುವ ನಾಟಿ ಕುರಿ ತಳಿ ಇದೆ. ಚಳಿ ಮಳೆಗೆ ಜಗ್ಗದ್ದು, ಆದರೆ ಲಾಭ ಕಮ್ಮಿ ಅಂತ ರೈತರು ಕೈಬಿಡುತ್ತಿದ್ದರು. ಅಜ್ಜಂಪುರದ ಅಮೃತಮಹಲ್ ಹಸುಗಳ ವಿಷಯ ಬಲ್ಲವರಿಗೆ ಇದು ಅರ್ಥವಾಗುತ್ತೆ. ಪಾಟರ್ ಆ ತಳಿಯನ್ನು ಹಿಡಿದು ನಿಂತರು, ಸಂತೆ, ಪ್ರದರ್ಶನಗಳಲ್ಲಿ ಬಹುಮಾನ ಗೆದ್ದರು. 1943ರಲ್ಲಿ ತಳಿ ಸಾಕುವವರ ಸಂಘ ಅವರನ್ನು ಅಧ್ಯಕ್ಷೆಯಾಗಿ ಆರಿಸಿತು, ಆ ಕುರ್ಚಿಯಲ್ಲಿ ಕೂರುವ ಮೊದಲೇ ಡಿಸೆಂಬರ್ 22ರಂದು ತೀರಿಕೊಂಡರು. ಬದುಕಿದ್ದಷ್ಟು ದಿನವೂ ಒಂದೊಂದೇ ಜಮೀನು ಕೊಳ್ಳುತ್ತಾ ಬಂದಿದ್ದರು, ಕಟ್ಟಡದವರ ಕೈಗೆ ಹೋಗಿ ಬೆಟ್ಟ ತುಂಡಾಗಬಾರದು ಅಂತ. 1927ರಲ್ಲಿ ಒಂದು ಕೆರೆದಂಡೆ ಉಳಿಸಲು ದುಡ್ಡು ಬೇಕಾದಾಗ ಚಿತ್ರಗಳ 50 ಪ್ರತಿ ತಾವೇ ಬಿಡಿಸಿ ಸಹಿ ಹಾಕಿ ಅಮೆರಿಕದವರಿಗೆ ಒಂದೊಂದು ಗಿನಿಗೆ, ಅಂದರೆ ಇಪ್ಪತ್ತೊಂದು ಶಿಲ್ಲಿಂಗಿಗೆ ಮಾರಿದರು. ಕೊನೆಗೆ ಬೆಟ್ಟ, ಹಳೇ ಮನೆ ಕಾಪಾಡುವ ನ್ಯಾಷನಲ್ ಟ್ರಸ್ಟ್ ಅನ್ನುವ ಅಲ್ಲಿನ ಸಂಸ್ಥೆಗೆ ಬಿಟ್ಟುಹೋದದ್ದು 4,000 ಎಕರೆಗೂ ಜಾಸ್ತಿ, ಬೆಟ್ಟದ ಮೇಲೆ ಆ ನಾಟಿ ಕುರಿಗಳನ್ನೇ ಸಾಕಬೇಕು ಅನ್ನುವ ಷರತ್ತಿನ ಜೊತೆ. ಚಿಕ್ಕಮಗಳೂರಿನ ಗುಡ್ಡಗಳ ಮೇಲೆ ರೆಸಾರ್ಟ್ ಬೋರ್ಡ್ ನೋಡಿದಾಗೆಲ್ಲ ನನಗೆ ಈ ಹೆಂಗಸಿನ ನೆನಪಾಗುತ್ತೆ.

ಹಾಗಾದರೆ ಆಗುತ್ತೆ ಅಂತಾಯ್ತಲ್ಲ ಅಂಕಲ್ ಅಂದಳು ಹುಡುಗಿ. ಪೂರ್ತಿ ಹಾಗಲ್ಲ. ಪಾಟರ್‌ಗೆ ಅಪ್ಪನ ಮನೆಯ ಅನ್ನ ಇತ್ತು, 36ನೇ ವಯಸ್ಸಿನವರೆಗೆ ಕಾಯುವ ಅನುಕೂಲ ಇತ್ತು. ನಮ್ಮಲ್ಲಿ ಮಕ್ಕಳಿಗೆ ಬರೆದ ದೊಡ್ಡವರಿಗೂ ಬೇರೆ ಕಸುಬಿತ್ತು. ಕಿಂದರಿಜೋಗಿಯನ್ನು ನಮಗೆ ಕೊಟ್ಟ ಕುವೆಂಪು, ಇದೇ ಚಿಕ್ಕಮಗಳೂರು ಜಿಲ್ಲೆಯ ಹಿರೇಕೊಡಿಗೆಯಲ್ಲಿ ಹುಟ್ಟಿದವರು, ಕಾಲೇಜು ಮೇಷ್ಟ್ರಾಗಿದ್ದರು. ಅವರ ಮಗ ತೇಜಸ್ವಿ ಮೂಡಿಗೆರೆಯಲ್ಲಿ ಕಾಫಿ ತೋಟ ಮಾಡುತ್ತಲೇ ಬರೆದರು, ಹಕ್ಕಿ ಫೋಟೋ ತೆಗೆದರು, ಚಿತ್ರ ಬಿಡಿಸಿದರು. ಇವತ್ತು ದಾರಿಗಳು ಸ್ವಲ್ಪ ಜಾಸ್ತಿ ಇವೆ. ವ್ಯಂಗ್ಯಚಿತ್ರಕಾರ ಶಂಕರ್ 1957ರಲ್ಲಿ ದೆಹಲಿಯಲ್ಲಿ ಕಟ್ಟಿದ ಚಿಲ್ಡ್ರನ್ಸ್ ಬುಕ್ ಟ್ರಸ್ಟ್ ಇದೆ, ನ್ಯಾಷನಲ್ ಬುಕ್ ಟ್ರಸ್ಟ್ ಇದೆ, ಬೆಂಗಳೂರಿನಲ್ಲಿ 2004ರಲ್ಲಿ ಶುರುವಾದ ಪ್ರಥಮ್ ಬುಕ್ಸ್ ಇದೆ. ಪ್ರಥಮ್‌ನವರ ಸ್ಟೋರಿವೀವರ್ ಅನ್ನುವ ತಾಣದಲ್ಲಿ ಕನ್ನಡದ ಚಿತ್ರಪುಸ್ತಕಗಳನ್ನು ಫೋನಿನಲ್ಲೇ ಪುಕ್ಕಟೆ ಓದಬಹುದು. ಒಂದು ಪುಸ್ತಕ ತೆಗೆದು, ಎಷ್ಟು ಪುಟ, ಯಾವ ಮಾತು ಚಿತ್ರಕ್ಕೆ ಬಿಟ್ಟಿದ್ದಾರೆ ಅಂತ ಎಣಿಸುತ್ತಾ ಕೂತರೆ ಒಂದು ಕ್ಲಾಸಿಗೆ ಸಮ.

ಸಿಇಟಿ ಬರಿ, ಜೊತೆಗೆ ಒಂದು ಡಮ್ಮಿ ಮಾಡು ಅಂದೆ. ಪ್ರೆಸ್‌ನಲ್ಲಿ ಕಟಿಂಗ್ ಆದಮೇಲೆ ಉಳಿಯುವ ಹಾಳೆ ಬೇಕಾದಷ್ಟಿರುತ್ತೆ, ಒಂದು ಕಟ್ಟು ತಂದುಕೊಟ್ಟೆ. ಮೊನ್ನೆ ಭಾನುವಾರ ತೋರಿಸಲು ತಂದಿದ್ದಳು. ಹದಿನಾರು ಪುಟ, ನಡುವೆ ಸೂಜಿ ದಾರದಲ್ಲಿ ಹೊಲಿದಿದ್ದಾಳೆ. ಸಂತೆಯಿಂದ ತಪ್ಪಿಸಿಕೊಂಡ ನಾಟಿ ಕೋಳಿಯ ಕಥೆ. ಕೋಳಿ ಬಸ್ಸು ಹತ್ತುತ್ತೆ, ಬೇಲೂರಿನಲ್ಲಿ ಇಳಿಯುತ್ತೆ. ಕೋಳಿಯ ಕಾಲು ಇನ್ನೂ ಸರಿ ಬಂದಿಲ್ಲ, ಮಡಚುವ ಕಡೆ ತಪ್ಪಿದೆ. ಏಳನೇ ಪುಟಕ್ಕೆ ಬಂದಾಗ ಬಲಗಡೆ ಕಂಡಕ್ಟರ್ ಸೀಟಿನ ಕೆಳಗೆ ಬಗ್ಗಿ ನೋಡುತ್ತಿದ್ದಾನೆ, ಅವನ ಮುಖದಲ್ಲಿ ಗಾಬರಿ, ಏನು ಕಂಡ ಅಂತ ಬರೆದಿಲ್ಲ. ನಾನು ಹಾಳೆ ತಿರುಗಿಸಲು ಹೋದೆ.

"ತಾಳಿ ಅಂಕಲ್," ಅಂತ ಕೈ ಅಡ್ಡ ಇಟ್ಟಳು. "ಮೊದಲು ನೀವು ಹೇಳಿ, ಏನಿರಬಹುದು?"